ಲೆನಾ ಓಲಿನ್ ಯಾಕೆ ‘ದೊಡ್ಡ ಸ್ಟಾರ್’ ಆಗಲಿಲ್ಲ: ಒಂದು ಪ್ರಕರಣ ಅಧ್ಯಯನ

ಸ್ವೀಡನ್‌ನ ನಟಿ ಲೆನಾ ಓಲಿನ್ ಹೆಸರು ಬಂದ ಕೂಡಲೇ ಸಿನಿಮಾ ಹುಚ್ಚಿನವರು ಒಂದೇ ಪ್ರಶ್ನೆ ಎತ್ತುತ್ತಾರೆ. 1988ರಲ್ಲಿ ಎಲ್ಲರೂ ತಿರುಗಿ ನೋಡುವಂಥ ಪಾತ್ರ ಸಿಕ್ಕಿತು. 1990ರಲ್ಲಿ ಆಸ್ಕರ್ ನಾಮಿನೇಷನ್ ಬಂತು. ಅದೇ ವರ್ಷದ ಡಿಸೆಂಬರ್‌ನಲ್ಲಿ ರಾಬರ್ಟ್ ರೆಡ್‌ಫರ್ಡ್ ಜೋಡಿಯಾಗಿ ತೆರೆಗೆ ಬಂದಳು. ಇಷ್ಟೆಲ್ಲ ಆದಮೇಲೆ ಯಾಕೆ ನಿಂತುಹೋಯಿತು? ಆಮೇಲೆ ಯಾಕೆ ಬಹುಪಾಲು ಎರಡನೇ ಸಾಲಿನ ಪಾತ್ರಗಳೇ?

ಇದಕ್ಕೆ ಸಾಮಾನ್ಯವಾಗಿ ಸಿಗುವ ಉತ್ತರ ಎರಡು. ರೆಡ್‌ಫರ್ಡ್ ಜೊತೆಗಿನ ‘ಹವಾನಾ’ ಮಕಾಡೆ ಮಲಗಿತು, ಈಕೆಯ ಬಾಗಿಲೂ ಮುಚ್ಚಿತು ಅನ್ನೋದು ಒಂದು. ಆಗಲೇ 35 ವರ್ಷ, ಮೇಲೆ ವಿದೇಶಿ ಉಚ್ಚಾರಣೆ, ಅಂಥವರಿಗೆ ಹಾಲಿವುಡ್‌ನಲ್ಲಿ ಜಾಗ ಕಡಿಮೆ ಅನ್ನೋದು ಇನ್ನೊಂದು. ಎರಡನ್ನೂ ನಾನು ತಳ್ಳಿಹಾಕಲ್ಲ. ಆದರೆ ಈಕೆಯ ಕಥೆಯನ್ನು ಅಪ್ಪ-ಅಮ್ಮನ ಕಾಲದಿಂದ ಹಿಡಿದು ನೋಡುತ್ತಾ ಬಂದರೆ ನನಗೆ ಕಾಣೋದು ಬೇರೆ. ನಟನೆ ಅನ್ನೋದು ದಿನಾ ಹೋಗಿ ಮಾಡುವ ಒಂದು ಕೆಲಸವಾಗಿದ್ದ ಮನೆಯಲ್ಲಿ ಈಕೆ ಹುಟ್ಟಿದಳು. ಅಂಥದೇ ಒಂದು ಕೆಲಸ ಸ್ಟಾಕ್‌ಹೋಮಿನಲ್ಲಿ ಈಕೆಗೆ ಇತ್ತು, ಹಾಲಿವುಡ್ ಕರೆದಾಗ ಹೋಗಿ ಬಂದಳು, ಮತ್ತೆ ಕೆಲಸಕ್ಕೆ ಹಾಜರಾದಳು. ಹಾಗೆ ನೋಡಿದರೆ ಇಲ್ಲಿ ‘ನಿಂತುಹೋಗಿದ್ದು’ ಏನೂ ಇಲ್ಲ.

ಮೊದಲು ಮನೆ. ಲೆನಾ ಹುಟ್ಟಿದ್ದು 1955ರ ಮಾರ್ಚ್ 22ರಂದು, ಸ್ಟಾಕ್‌ಹೋಮಿನಲ್ಲಿ. ಮೂವರು ಮಕ್ಕಳಲ್ಲಿ ಕೊನೆಯವಳು. ತಾಯಿ ಬ್ರಿಟ್ಟಾ ಹೋಲ್ಮ್‌ಬರ್ಗ್ ನಟಿ. ಅಣ್ಣ ಮಾಟ್ಸ್ ಓಲಿನ್ ಗಾಯಕ. ತಂದೆ ಸ್ಟಿಗ್ ಓಲಿನ್ ಮಾತ್ರ ಸ್ವೀಡಿಷ್ ಸಿನಿಮಾ ಇತಿಹಾಸದ ಒಂದು ಮುಖ್ಯ ಜಾಗದಲ್ಲಿ ನಿಂತಿದ್ದ ಮನುಷ್ಯ. ಸ್ವೀಡನ್‌ನ ನಿರ್ದೇಶಕ ಇಂಗ್ಮಾರ್ ಬರ್ಗ್‌ಮನ್ ಮೊದಲ ಬಾರಿ ಚಿತ್ರಕಥೆ ಬರೆದ ಸಿನಿಮಾ ಬಂದದ್ದು 1944ರಲ್ಲಿ, ಅದರಲ್ಲಿ ಸ್ಟಿಗ್ ಇದ್ದಾನೆ. ಬರ್ಗ್‌ಮನ್ ಮೊದಲ ಬಾರಿ ನಿರ್ದೇಶಿಸಿದ್ದು 1946ರಲ್ಲಿ, ಅದರಲ್ಲೂ ಇದ್ದಾನೆ. 1950ರ ಒಂದು ಸಿನಿಮಾದಲ್ಲಿ ಆರ್ಕೆಸ್ಟ್ರಾದ ಪಿಟೀಲುಗಾರನಾಗಿ ಅವನೇ ಕಥಾನಾಯಕ, ಆ ಪಾತ್ರದ ಹೆಸರೂ ಸ್ಟಿಗ್. ಒಟ್ಟಿನಲ್ಲಿ ಬರ್ಗ್‌ಮನ್ ಇನ್ನೂ ಯಾರಿಗೂ ಗೊತ್ತಿಲ್ಲದ ಹುಡುಗನಾಗಿದ್ದ ಕಾಲದಲ್ಲಿ, ಆತನ ಸಿಡುಕು ಯುವಕರ ಪಾತ್ರಗಳಿಗೆ ಖಾಯಂ ಮುಖ ಸ್ಟಿಗ್ ಓಲಿನ್‌ನದು.

ಇದರಲ್ಲಿ ಒಂದು ದೃಶ್ಯವನ್ನು ಸ್ವಲ್ಪ ಹತ್ತಿರದಿಂದ ನೋಡಬೇಕು. 1951ರಲ್ಲಿ ಬಂದ, ಬ್ಯಾಲೆ ನರ್ತಕಿಯೊಬ್ಬಳ ಕಥೆಯ ಬರ್ಗ್‌ಮನ್ ಸಿನಿಮಾ ಅದು. ಅದರಲ್ಲಿ ಸ್ಟಿಗ್ ಬ್ಯಾಲೆ ಮಾಸ್ತರ. ರಾತ್ರಿ ಹೊತ್ತು, ಮೇಕಪ್ ಕೋಣೆ. ನರ್ತಕಿ ಕನ್ನಡಿ ಮುಂದೆ ಕೂತಿದ್ದಾಳೆ, ಬಣ್ಣ ಇನ್ನೂ ತೆಗೆದಿಲ್ಲ. ಮಾಸ್ತರ ಮುದುಕ ಮಾಂತ್ರಿಕನ ವೇಷದಲ್ಲೇ ಒಳಗೆ ಬರುತ್ತಾನೆ, ಮೂಗಿಗೆ ಮೇಣ, ತಲೆಗೆ ಕೆದರಿದ ಕೂದಲು. ಆಮೇಲೆ ಅವಳ ಬಗ್ಗೆ ಅವಳಿಗೇ ಹೇಳುತ್ತಾ ಹೋಗುತ್ತಾನೆ. ಬಣ್ಣ ತೆಗೆಯೋಕೂ ಹೆದರಿಕೆ, ಹಾಗೇ ಬಿಡೋಕೂ ಹೆದರಿಕೆ ಅನ್ನುವ ಅರ್ಥದ ಮಾತು. ಸುತ್ತಿಬಳಸಿ ಹೇಳೋದು ಇಷ್ಟೇ: ನೀನು ಕುಣಿಯುವವಳು, ಕುಣಿ. ಸಂತೈಸುವ ದನಿ ಇಲ್ಲ, ಬೈಯುವ ದನಿಯೂ ಇಲ್ಲ. ಕಚೇರಿಯಲ್ಲಿ ಹಿರಿಯ ಗುಮಾಸ್ತ ಹೊಸಬಳಿಗೆ ಫೈಲು ತೋರಿಸಿದ ಹಾಗೆ ಹೇಳುತ್ತಾನೆ. ಈ ದೃಶ್ಯ ಚಿತ್ರೀಕರಿಸುವಾಗ ಲೆನಾ ಹುಟ್ಟಿಯೇ ಇರಲಿಲ್ಲ, ಹಾಗಾಗಿ ಇದರಿಂದ ಏನನ್ನೂ ಸಾಬೀತು ಮಾಡೋಕ್ಕಾಗಲ್ಲ. ಆದರೂ ಮಗಳ ಕೆಲಸವನ್ನು ನೋಡಿದವರಿಗೆ ಅಪ್ಪನ ಈ ಐದು ನಿಮಿಷ ಸುಮ್ನೆ ದಾಟಿಹೋಗೋದಿಲ್ಲ.

ಇನ್ನೊಂದು ಮುಖ್ಯ ಸಂಗತಿ. ಲೆನಾಗೆ ಬುದ್ಧಿ ಬರುವ ಹೊತ್ತಿಗೆ ಸ್ಟಿಗ್ ಓಲಿನ್ ತೆರೆ ಮೇಲಿನ ನಟನಾಗಿ ಉಳಿದಿರಲಿಲ್ಲ. ಐವತ್ತರ ದಶಕದಲ್ಲಿ ನಿರ್ದೇಶನಕ್ಕಿಳಿದ, ಹಾಡು ಬರೆದ, ರಾಗ ಹಾಕಿದ, ಆಮೇಲೆ ಸ್ವೀಡಿಷ್ ರೇಡಿಯೋದಲ್ಲಿ ಮನರಂಜನಾ ವಿಭಾಗದ ಮುಖ್ಯಸ್ಥನಾದ. ಅಂದರೆ ಮನೆಯಲ್ಲಿ ಕಂಡದ್ದು ಮಾಲೆ ಹಾಕಿಸಿಕೊಳ್ಳುವ ಹೀರೋ ಅಪ್ಪನನ್ನಲ್ಲ. ನಟನೆ ಬಿಟ್ಟರೆ ಹಾಡು, ಹಾಡು ಬಿಟ್ಟರೆ ರೇಡಿಯೋ, ಹೇಗೋ ಈ ಕಸುಬಿನ ಒಳಗೇ ಸಂಸಾರ ನಡೆಸುವ ಮನುಷ್ಯನನ್ನು.

ಹುಡುಗಿಗೂ ಆರಂಭದಲ್ಲಿ ಅವಸರ ಇದ್ದ ಹಾಗೆ ಕಾಣಲ್ಲ. ಬದಲಿ ಶಿಕ್ಷಕಿಯಾಗಿ ಕೆಲಸ ಮಾಡಿದಳು, ಆಸ್ಪತ್ರೆಯಲ್ಲಿ ಶುಶ್ರೂಷೆಯ ಕೆಲಸ ಮಾಡಿದಳು. 1974ರ ಅಕ್ಟೋಬರ್‌ನಲ್ಲಿ ಹೆಲ್ಸಿಂಕಿಯಲ್ಲಿ ‘ಮಿಸ್ ಸ್ಕ್ಯಾಂಡಿನೇವಿಯಾ 1975’ ಕಿರೀಟವೂ ಸಿಕ್ಕಿತು. ಬೇರೆ ಯಾರಾದರೂ ಆಗಿದ್ದರೆ ಕಿರೀಟದಿಂದ ನೇರ ಕ್ಯಾಮೆರಾಗೆ ಹೋಗುತ್ತಿದ್ದರು ಅಲ್ವಾ? ಈಕೆ 1976ರಲ್ಲಿ ಸ್ಟಾಕ್‌ಹೋಮಿನ ಸರ್ಕಾರಿ ನಟನಾ ಶಾಲೆಗೆ ಸೇರಿದಳು. 1979ರವರೆಗೆ ಅಲ್ಲೇ.

ಇಲ್ಲಿ ‘ವಶೀಲಿ’ ವಿಷಯ ಬರುತ್ತದೆ. ಅಪ್ಪನ ಹಳೇ ಜೊತೆಗಾರ ಅಷ್ಟೊತ್ತಿಗೆ ಜಗತ್ಪ್ರಸಿದ್ಧ. 1976ರಲ್ಲಿ ತೆರೆಗೆ ಬಂದ ಬರ್ಗ್‌ಮನ್ ಸಿನಿಮಾ ‘ಫೇಸ್ ಟು ಫೇಸ್’ನಲ್ಲಿ ಲೆನಾಗೆ ಅಂಗಡಿಯಲ್ಲಿ ಕೆಲಸ ಮಾಡುವ ಹುಡುಗಿಯ ಪುಟ್ಟ ಪಾತ್ರ ಸಿಕ್ಕಿತು, ಕಣ್ಣು ಮಿಟುಕಿಸಿದರೆ ತಪ್ಪಿಹೋಗುವಷ್ಟು ಚಿಕ್ಕದು. ಆ ಸಂಪರ್ಕಕ್ಕೆ ಅಪ್ಪನ ಹೆಸರು ನೆರವಾಗಿರಬಹುದು, ಇಲ್ಲ ಅಂತ ನಾನು ವಾದಿಸಲ್ಲ. ಆದರೆ ಅದೇ ವರ್ಷದ ಜನವರಿ 30ರಂದು ಸ್ಟಾಕ್‌ಹೋಮಿನ ರಾಷ್ಟ್ರೀಯ ರಂಗಮಂದಿರದಲ್ಲಿ ಬರ್ಗ್‌ಮನ್ ರಿಹರ್ಸಲ್ ನಡೆಸುತ್ತಿದ್ದಾಗ ತೆರಿಗೆ ಪ್ರಕರಣದಲ್ಲಿ ಪೊಲೀಸರು ಬಂದು ಕರೆದೊಯ್ದರು. ಆರೋಪ ಆಮೇಲೆ ಬಿದ್ದುಹೋಯಿತು, ಮನುಷ್ಯ ಮಾತ್ರ ಒಳಗಿನಿಂದ ಮುರಿದುಹೋದ. ಏಪ್ರಿಲ್ ಹೊತ್ತಿಗೆ ದೇಶ ಬಿಟ್ಟು, ಆಮೇಲೆ ಮ್ಯೂನಿಕ್‌ನಲ್ಲಿ ನೆಲೆ ನಿಂತ. ಲೆಕ್ಕ ಹಾಕಿ ನೋಡಿ. ಲೆನಾ ನಟನಾ ಶಾಲೆಗೆ ಕಾಲಿಟ್ಟ ವರ್ಷವೇ ಆ ಮನೆತನದ ಅತಿ ದೊಡ್ಡ ಸಂಪರ್ಕ ಊರು ಖಾಲಿ ಮಾಡಿತ್ತು. ಶಾಲೆಯ ಮೂರು ವರ್ಷವೂ ಆತ ಅಲ್ಲಿಲ್ಲ. ಮುಗಿಸಿ ಕೆಲಸಕ್ಕೆ ಸೇರಿದಾಗಲೂ ಇಲ್ಲ. ಸ್ಟಾರ್ ಮಕ್ಕಳ ಬಗ್ಗೆ ಮಾತಾಡುವಾಗ ನಾವು ಒಂದೇ ಅಳತೆಗೋಲು ಹಿಡಿಯುತ್ತೇವೆ. ಈ ಪ್ರಕರಣದಲ್ಲಿ ಆ ಕೋಲು ಅಷ್ಟಾಗಿ ಕೆಲಸ ಮಾಡಲ್ಲ.

1980ರಲ್ಲಿ ಆಕೆ ಸೇರಿದ್ದು ದ್ರಮಾತೆನ್‌ಗೆ. ಅದೇ ರಾಷ್ಟ್ರೀಯ ರಂಗಮಂದಿರ. ರಾಜ ಮೂರನೇ ಗುಸ್ತಾವ್ 1788ರಲ್ಲಿ ಶುರುಮಾಡಿದ್ದು. ನೀಬ್ರೂಪ್ಲಾನ್ ಚೌಕದ ಈಗಿನ ಕಟ್ಟಡ 1908ರದು. ಅಲ್ಲಿನ ವ್ಯವಸ್ಥೆ ಗೊತ್ತಿಲ್ಲದೆ ಈಕೆಯ ವೃತ್ತಿ ಅರ್ಥವಾಗಲ್ಲ. ಖಾಯಂ ತಂಡ ಇರುತ್ತದೆ. ನಟರಿಗೆ ಸಂಬಳ. ಏಕಕಾಲಕ್ಕೆ ಹಲವು ನಾಟಕಗಳು ಸರದಿ ಮೇಲೆ ಓಡುತ್ತವೆ, ಒಂದರಲ್ಲಿ ರಾಣಿಯಾದವಳು ಇನ್ನೊಂದರಲ್ಲಿ ಬಟ್ಟಲು ಹಿಡಿದು ನಿಲ್ಲಬೇಕಾಗಬಹುದು. ಹಗಲು ಮುಂದಿನ ನಾಟಕದ ರಿಹರ್ಸಲ್, ರಾತ್ರಿ ಇವತ್ತಿನ ನಾಟಕ. ಹೆಚ್ಚುಕಡಿಮೆ 1994ರವರೆಗೆ ಲೆನಾ ಆ ತಂಡದವಳು. ಈ ಎರಡು ಇಸವಿಗಳನ್ನು ಸ್ವಲ್ಪ ನೆನಪಿಟ್ಟುಕೊಳ್ಳಿ, ಯಾಕಂದರೆ ಹಾಲಿವುಡ್ಡಿನ ‘ಏಳುಬೀಳು’ ಅಂತ ಎಲ್ಲರೂ ಹೇಳೋದು ಪೂರ್ತಿ ಈ ಎರಡರ ನಡುವೆಯೇ ನಡೆಯುತ್ತದೆ.

1982ರಲ್ಲಿ ಬರ್ಗ್‌ಮನ್‌ನ ‘ಫ್ಯಾನಿ ಆ್ಯಂಡ್ ಅಲೆಕ್ಸಾಂಡರ್’ ಬಂತು. ಉಪ್ಸಾಲಾ ಊರಿನ ಒಂದು ನಾಟಕದ ಕುಟುಂಬದ ಕಥೆ, ನಾಲ್ಕು ಆಸ್ಕರ್ ಗೆದ್ದದ್ದು. ಅದರಲ್ಲಿ ಲೆನಾ ಕೆಲಸದ ಹುಡುಗಿ ರೋಸಾ. ಅಷ್ಟೇ. ನಾಟಕದ ಮನೆಯ ಮಗಳು ನಾಟಕದ ಮನೆಯ ಸಿನಿಮಾದಲ್ಲಿ ಮಗಳಾಗಲಿಲ್ಲ, ಕೆಲಸದವಳಾದಳು.

ನಿಜವಾದ ತಿರುವು 1984. ಮೊದಲು ದ್ರಮಾತೆನ್‌ನಲ್ಲಿ ‘ಕಿಂಗ್ ಲಿಯರ್’. ವರ್ಷಗಳ ನಂತರ ಬರ್ಗ್‌ಮನ್ ಹಳೇ ರಂಗಮಂದಿರಕ್ಕೆ ಮರಳಿ ಮಾಡಿಸಿದ ನಾಟಕ. ಯಾರ್ಲ್ ಕುಲ್ಲೆ ಲಿಯರ್, ಲೆನಾ ಕಾರ್ಡೀಲಿಯಾ. ನಾಟಕ ಹೊರದೇಶಗಳಿಗೂ ಪ್ರವಾಸ ಹೋಯಿತು. ಅದರ ಬೆನ್ನಿಗೇ ಬರ್ಗ್‌ಮನ್ ಟೀವಿಗಾಗಿ ತೆಗೆದ ‘ಆಫ್ಟರ್ ದಿ ರಿಹರ್ಸಲ್’ ಪ್ರಸಾರವಾಯಿತು. ನನ್ನ ಪ್ರಕಾರ ಲೆನಾ ಓಲಿನ್ ಅಂದರೆ ಏನು ಅಂತ ತಿಳಿಯೋಕೆ ಇದೊಂದು ಸಾಕು.

ಒಂದೂಕಾಲು ಗಂಟೆಯೂ ಇಲ್ಲದ ಚಿತ್ರ. ಇಡೀ ಕಥೆ ಖಾಲಿ ರಂಗದ ಮೇಲೆ. ಹಳೇ ನಾಟಕಗಳ ಸೋಫಾ, ಮೇಜು, ಕುರ್ಚಿ ಅಲ್ಲಲ್ಲಿ ಬಿದ್ದಿವೆ. ರಿಹರ್ಸಲ್ ಮುಗಿದಿದೆ, ಮುದಿ ನಿರ್ದೇಶಕ ಹೆನ್ರಿಕ್ ಫೋಗ್ಲರ್ ಒಬ್ಬನೇ ಕೂತು ತೂಕಡಿಸುತ್ತಿದ್ದಾನೆ. ಎರ್ಲಾಂಡ್ ಯೋಸೆಫ್ಸನ್ ಆ ಪಾತ್ರದಲ್ಲಿ. ಯುವನಟಿ ಅನ್ನಾ ಬರುತ್ತಾಳೆ, ಅದೇ ಲೆನಾ. ಕೈಬಳೆ ಕಳೆದುಹೋಗಿದೆ, ಹುಡುಕೋಕೆ ಬಂದೆ ಅನ್ನುತ್ತಾಳೆ. ಅನ್ನಾ ನಾಟಕದವರ ಮಗಳು, ತಂದೆ ಫೋಗ್ಲರ್‌ನ ಸ್ನೇಹಿತ, ತಾಯಿ ರಾಕೆಲ್ ದೊಡ್ಡ ನಟಿಯಾಗಿದ್ದವಳು, ಕುಡಿತಕ್ಕೆ ಬಿದ್ದವಳು, ಈಗ ಸತ್ತುಹೋಗಿದ್ದಾಳೆ. ಆ ತಾಯಿಗೂ ಈ ನಿರ್ದೇಶಕನಿಗೂ ಹಿಂದೆ ಸಂಬಂಧ ಇತ್ತು. ತಾಯಿಯನ್ನು ಕಂಡರೆ ಆಗದು ಅಂತ ಅನ್ನಾ ಬಾಯಿಬಿಟ್ಟು ಹೇಳುತ್ತಾಳೆ.

ಮಧ್ಯದಲ್ಲಿ ಒಂದು ಸಂಗತಿ ನಡೆಯುತ್ತದೆ. ಸತ್ತ ರಾಕೆಲ್ ಹಿಂದಿನ ಯಾವುದೋ ದಿನದಿಂದ ರಂಗಕ್ಕೆ ಬಂದುಬಿಡುತ್ತಾಳೆ. ಇಂಗ್ರಿಡ್ ತುಲಿನ್ ಆ ಪಾತ್ರದಲ್ಲಿ ಹೆದರಿಕೆ ಹುಟ್ಟಿಸುವಷ್ಟು ಚೆನ್ನಾಗಿ ಮಾಡಿದ್ದಾಳೆ. ಬೇಡುತ್ತಾಳೆ, ಜಗಳ ಆಡುತ್ತಾಳೆ, ನನಗಿನ್ನೂ ಪಾತ್ರ ಕೊಡು ಅನ್ನುತ್ತಾಳೆ. ಅಷ್ಟು ಹೊತ್ತೂ ಅನ್ನಾ ಎದ್ದು ಹೋಗಿಲ್ಲ. ಹಿಂದಿನ ಸೋಫಾ ಮೇಲೆ ಹಾಗೇ ಕೂತಿದ್ದಾಳೆ. ಒಂದು ಶಾಟ್‌ನಲ್ಲಿ ಲೆನಾ, ಇನ್ನೊಂದು ಶಾಟ್‌ನಲ್ಲಿ ಅದೇ ಜಾಗದಲ್ಲಿ ಹನ್ನೆರಡು ವರ್ಷದ ಹುಡುಗಿ. ಮಾತಿಲ್ಲ, ಅಲುಗಾಟವಿಲ್ಲ. ಎದುರಿಗೆ ಒಬ್ಬ ದೈತ್ಯ ನಟಿ ಹಿರಿದು ಸುರಿಯುತ್ತಿರುವಾಗ ಸುಮ್ಮನೆ ಕೂರೋದು ಸುಲಭ ಅಂತ ನಟನೆ ಮಾಡದವರು ಅಂದುಕೊಳ್ಳಬಹುದು. ಲೆನಾ ಅಲ್ಲಿ ತನ್ನ ಕಡೆ ಗಮನ ಸೆಳೆಯುವ ಒಂದೇ ಒಂದು ಚಟುವಟಿಕೆಯನ್ನೂ ಮಾಡಲ್ಲ. ಆದರೂ ರಾಕೆಲ್ ಹೊರಟುಹೋಗಿ ಅನ್ನಾ ಮತ್ತೆ ಬಾಯಿ ತೆರೆದಾಗ, ಅಷ್ಟೂ ಕೇಳಿಸಿಕೊಂಡವಳ ಮುಖ ಅದು ಅಂತ ನಮಗೆ ಅನಿಸುತ್ತದೆ.

ಹಳೇ ಗೆಳೆಯನ ಮಗಳನ್ನೇ ಹಳೇ ಗೆಳೆಯನ ಮಗಳ ಪಾತ್ರಕ್ಕೆ ಹಾಕಿದ್ದು ಬರ್ಗ್‌ಮನ್‌ಗೆ ಗೊತ್ತಿಲ್ಲದೆ ಆಗಿರೋಕೆ ಸಾಧ್ಯವೇ ಇಲ್ಲ. ಹಾಗಂತ ಅದು ಓಲಿನ್ ಮನೆಯ ಕಥೆ ಅಂತ ಓದಬಾರದು. ಹೋಲಿಕೆ ಚೌಕಟ್ಟಿನದು ಮಾತ್ರ. ಚೌಕಟ್ಟಿನೊಳಗೆ ಏನಿದೆಯೋ ಅದು ಬರ್ಗ್‌ಮನ್‌ನ ಸ್ವಂತ ತಲೆಬಿಸಿ.

ಆ ಚಿತ್ರದಲ್ಲಿ ಇವರು ರಿಹರ್ಸಲ್ ಮಾಡುತ್ತಿರುವ ನಾಟಕ ಯಾವುದು ಗೊತ್ತಾ? ಸ್ಟ್ರಿಂಡ್‌ಬರ್ಗ್ 1901ರಲ್ಲಿ ಬರೆದ ‘ಎ ಡ್ರೀಮ್ ಪ್ಲೇ’. ಅದರ ನಾಯಕಿ ಆಗ್ನೆಸ್, ಇಂದ್ರನ ಮಗಳು. ಹೌದು, ನಮ್ಮ ಇಂದ್ರನೇ. ಅಪ್ಪ ಮೇಲಿದ್ದಾನೆ, ಮಗಳು ಮನುಷ್ಯರ ಗೋಳು ನಿಜವೋ ಸುಳ್ಳೋ ನೋಡೋಕೆ ಭೂಮಿಗೆ ಇಳಿದು ಬರುತ್ತಾಳೆ, ಮದುವೆ ಆಗುತ್ತಾಳೆ, ಉಸಿರುಗಟ್ಟುವ ಮನೆಯಲ್ಲಿ ಬಾಳುತ್ತಾಳೆ, ಪಾಪ ಈ ಮನುಷ್ಯರು ಅಂತ ಮತ್ತೆ ಮತ್ತೆ ಹೇಳುತ್ತಾಳೆ. ಭಾರತದ ಪುರಾಣಗಳ ಬಗ್ಗೆ ಕುತೂಹಲ ಇದ್ದ ಸ್ವೀಡಿಷ್ ನಾಟಕಕಾರನೊಬ್ಬ ಇಂದ್ರನಿಗೆ ಒಬ್ಬ ಮಗಳನ್ನು ಹುಟ್ಟಿಸಿ ಸ್ಟಾಕ್‌ಹೋಮಿಗೆ ಕಳಿಸಿದ. ನಾಟಕ ಮೊದಲು ರಂಗಕ್ಕೆ ಬಂದಾಗ, 1907ರಲ್ಲಿ, ಆ ಪಾತ್ರ ಮಾಡಿದ್ದು ಹ್ಯಾರಿಯೆಟ್ ಬಾಸ್ಸೆ, ಸ್ಟ್ರಿಂಡ್‌ಬರ್ಗ್‌ನಿಂದ ಅಷ್ಟೊತ್ತಿಗೆ ವಿಚ್ಛೇದನ ಪಡೆದಿದ್ದ ಹೆಂಡತಿ. ಇದು ಅಡ್ಡದಾರಿ ಅಂತ ಗೊತ್ತು, ಆದರೆ ಕನ್ನಡದವರಿಗೆ ಹೇಳದೆ ಹೇಗೆ ಬಿಡೋದು.

ಅಡ್ಡದಾರಿ ಅಂದರೂ ವಿಷಯಕ್ಕೆ ಬಂದೇ ಸೇರುತ್ತದೆ. 1986ರಲ್ಲಿ ಬರ್ಗ್‌ಮನ್ ದ್ರಮಾತೆನ್‌ನಲ್ಲಿ ‘ಎ ಡ್ರೀಮ್ ಪ್ಲೇ’ಯನ್ನು ನಿಜವಾಗಿಯೂ ಮಾಡಿಸಿದ. ಆಗ್ನೆಸ್ ಪಾತ್ರಕ್ಕೆ ಲೆನಾ. ಚಿತ್ರದಲ್ಲಿ ರಿಹರ್ಸಲ್ ಮಾಡಿದ ಪಾತ್ರವನ್ನು ಎರಡು ವರ್ಷದ ನಂತರ ಅಸಲಿ ರಂಗದ ಮೇಲೆ, ಅಸಲಿ ಪ್ರೇಕ್ಷಕರ ಮುಂದೆ ಮಾಡಿದಳು. ಈ ಕೆಲಸಕ್ಕೆ ಆಸ್ಕರ್ ಇಲ್ಲ, ಟ್ರೇಲರ್ ಇಲ್ಲ. ಸ್ವೀಡನ್ ಹೊರಗೆ ಎಷ್ಟು ಜನಕ್ಕೆ ಗೊತ್ತು? ಆದರೆ ಆಕೆಯ ವೃತ್ತಿ ಅಂತ ಒಂದು ಪಟ್ಟಿ ಮಾಡಿದರೆ ಅದರ ಮಧ್ಯಭಾಗದಲ್ಲಿ ಇರಬೇಕಾದ್ದು ಇದು.

ಈಗ 1988. ಫಿಲಿಪ್ ಕಾಫ್‌ಮನ್ ನಿರ್ದೇಶನದ ‘ದಿ ಅನ್‌ಬೇರಬಲ್ ಲೈಟ್‌ನೆಸ್ ಆಫ್ ಬೀಯಿಂಗ್’. ಪ್ರಾಗ್ ಅಂತ ತೋರಿಸಿದ ಊರು ಬಹುಪಾಲು ಫ್ರಾನ್ಸಿನ ಲಿಯೋಂ. ಡೇನಿಯಲ್ ಡೇ-ಲೂಯಿಸ್, ಜೂಲಿಯೆಟ್ ಬಿನೋಶ್, ಜೊತೆಗೆ ಚಿತ್ರಕಲಾವಿದೆ ಸಬೀನಾ ಆಗಿ ಲೆನಾ. ‘ಸ್ವೀಡನ್‌ನಿಂದ ಬಂದ ಹೊಸ ಮುಖ’ ಅಂತ ಜಗತ್ತು ಬೆರಗಾಯಿತು. ಹೊಸ ಮುಖವೇನೋ ಸರಿ. ಆದರೆ ಸೆಟ್‌ನಲ್ಲಿ ಕ್ಯಾಮೆರಾ ಹಿಂದೆ ನಿಂತಿದ್ದವನು ಸ್ವೆನ್ ನೈಕ್ವಿಸ್ಟ್, ‘ಆಫ್ಟರ್ ದಿ ರಿಹರ್ಸಲ್’ ತೆಗೆದದ್ದೂ ಅವನೇ. ರಾಯಭಾರಿಯ ಪಾತ್ರದಲ್ಲಿ ಎರ್ಲಾಂಡ್ ಯೋಸೆಫ್ಸನ್, ಇಂಜಿನಿಯರ್ ಆಗಿ ಸ್ಟೆಲನ್ ಸ್ಕಾರ್ಸ್‌ಗಾರ್ಡ್. ಅಂದರೆ ಸ್ಟಾಕ್‌ಹೋಮಿನ ಅರ್ಧ ಬಳಗವೇ ಅಲ್ಲಿತ್ತು. ಈಕೆ ಒಬ್ಬಂಟಿಯಾಗಿ ಹಾಲಿವುಡ್‌ಗೆ ನುಗ್ಗಿದ ಕಥೆ ಅಲ್ಲ ಅದು.

ಸಬೀನಾ ಅಂದರೆ ಎಲ್ಲರಿಗೂ ಆ ಕಪ್ಪು ಗುಂಡು ಟೋಪಿ ನೆನಪು, ಪೋಸ್ಟರ್‌ಗಳೆಲ್ಲ ಅದೇ. ನನಗೆ ಜಾಸ್ತಿ ಇಷ್ಟವಾಗೋದು ಫೋಟೋ ತೆಗೆಯುವ ದೃಶ್ಯ. ತೆರೇಸಾ, ಅಂದರೆ ಬಿನೋಶ್, ಗಂಡನ ಪ್ರೇಯಸಿಯ ಸ್ಟುಡಿಯೋಗೆ ಬಂದಿದ್ದಾಳೆ, ಬೆತ್ತಲೆ ಫೋಟೋ ತೆಗೆಯೋದನ್ನು ಕಲಿಯಬೇಕು. ಮೊದಲು ಇಬ್ಬರಿಗೂ ಮುಜುಗರ. ತೆರೇಸಾ ಕ್ಯಾಮೆರಾ ಹಿಂದೆ ಮುಖ ಅಡಗಿಸಿಕೊಂಡು ಅಳುತ್ತಾ ಕ್ಲಿಕ್ ಮಾಡುತ್ತಾಳೆ. ಆಮೇಲೆ ಸಬೀನಾ ಕ್ಯಾಮೆರಾ ಕಸಿದುಕೊಂಡು ಈಗ ನಿನ್ನ ಸರದಿ ಅನ್ನುತ್ತಾಳೆ, ಗಂಡ ತೋಮಾಸ್ ಹೆಂಗಸರಿಗೆ ಹೇಳುವ ಅದೇ ಮಾತನ್ನು ಹೇಳುತ್ತಾಳೆ: ಬಟ್ಟೆ ಬಿಚ್ಚು. ಆ ಕ್ಷಣದಲ್ಲಿ ಮಾತು ಯಾರದು ಅಂತ ಇಬ್ಬರಿಗೂ ಗೊತ್ತು. ತೆರೇಸಾ ಕೋಣೆ ತುಂಬ ತಪ್ಪಿಸಿಕೊಂಡು ಓಡುತ್ತಾಳೆ, ಸಬೀನಾ ಅಟ್ಟಿಸಿಕೊಂಡು ಹೋಗುತ್ತಾಳೆ, ಕೊನೆಗೆ ಇಬ್ಬರೂ ನಗುತ್ತಾರೆ. ಹಾಳಾಗೋಕೆ ನೂರು ದಾರಿ ಇದ್ದ ದೃಶ್ಯ. ಲೆನಾ ಇಲ್ಲಿ ಒಂದು ರಂಗನಟಿಯ ಕೆಲಸ ಮಾಡುತ್ತಾಳೆ: ಎದುರಿನವಳ ಹೆದರಿಕೆಯನ್ನು ನೋಡುತ್ತಾ ತನ್ನ ವೇಗ ಹೊಂದಿಸಿಕೊಳ್ಳುತ್ತಾಳೆ, ತಾನು ಚೆನ್ನಾಗಿ ಕಾಣುವುದರ ಕಡೆ ಗಮನವೇ ಇಲ್ಲ. ಗೋಲ್ಡನ್ ಗ್ಲೋಬ್ ನಾಮಿನೇಷನ್ ಬಂತು.

ಮರುವರ್ಷ ಪಾಲ್ ಮಝುರ್ಸ್ಕಿಯ ‘ಎನಿಮೀಸ್, ಎ ಲವ್ ಸ್ಟೋರಿ’. 1949ರ ನ್ಯೂಯಾರ್ಕ್, ನಾತ್ಸಿಗಳಿಂದ ಹೇಗೋ ಬದುಕಿ ಬಂದ ಯಹೂದಿಗಳು, ಒಬ್ಬ ಗಂಡಸು, ಮೂವರು ಹೆಂಗಸರು. ಲೆನಾ ಮಾಡಿದ್ದು ಮಾಶಾ, ಕ್ಯಾಂಪಿನಿಂದ ಬದುಕುಳಿದವಳು, ತಾಯಿ ಜೊತೆ ಬ್ರಾಂಕ್ಸ್‌ನಲ್ಲಿ ಇರುವವಳು. ನ್ಯೂಯಾರ್ಕ್ ವಿಮರ್ಶಕರ ಬಳಗ ಆ ವರ್ಷದ ಪೋಷಕ ನಟಿ ಪ್ರಶಸ್ತಿ ಕೊಟ್ಟಿತು. 1990ರ ಮಾರ್ಚ್‌ನಲ್ಲಿ ಆಸ್ಕರ್ ಸಮಾರಂಭ. ಪೋಷಕ ನಟಿ ವಿಭಾಗದಲ್ಲಿ ಅದೇ ಸಿನಿಮಾದಿಂದ ಇಬ್ಬರು: ಲೆನಾ ಮತ್ತು ಆಂಜೆಲಿಕಾ ಹ್ಯೂಸ್ಟನ್. ಗೆದ್ದದ್ದು ‘ಮೈ ಲೆಫ್ಟ್ ಫುಟ್’ನ ಬ್ರೆಂಡಾ ಫ್ರಿಕರ್.

ಆ ಇಬ್ಬರನ್ನು ಪಕ್ಕಪಕ್ಕ ಇಟ್ಟು ನೋಡೋದು ಈ ಪ್ರಕರಣಕ್ಕೆ ತುಂಬಾ ಉಪಯೋಗ. ಆಂಜೆಲಿಕಾ ಕೂಡ ಮನೆತನದ ಕೂಸು, ತಾತ ವಾಲ್ಟರ್ ನಟ, ತಂದೆ ಜಾನ್ ಹ್ಯೂಸ್ಟನ್ ನಿರ್ದೇಶಕ, ಮೂರು ತಲೆಮಾರೂ ಆಸ್ಕರ್ ಗೆದ್ದ ಮನೆ. ಆಕೆಗೆ ಆಸ್ಕರ್ ಸಿಕ್ಕಿದ್ದು ಅಪ್ಪನೇ ನಿರ್ದೇಶಿಸಿದ 1985ರ ಚಿತ್ರದಲ್ಲಿ. ಹಾಲಿವುಡ್ ಮನೆತನ ಕೊಡೋದು ಸಿನಿಮಾದ ಪಾತ್ರ, ಸಿನಿಮಾದ ಹೆಸರು. ಸ್ಟಿಗ್ ಓಲಿನ್ ಮನೆ ಅಂಥದ್ದೇನೂ ಕೊಡೋಕೆ ಸಾಧ್ಯವಿರಲಿಲ್ಲ, ಅವನೇ ಸಿನಿಮಾ ಬಿಟ್ಟು ದಶಕಗಳಾಗಿತ್ತು. ಎರಡನ್ನೂ ‘ಕಲಾವಿದರ ಕುಟುಂಬ’ ಅಂತ ಒಂದೇ ಚೀಟಿ ಅಂಟಿಸಿ ಮಾತಾಡೋದು ಸೋಮಾರಿತನ.

ಇನ್ನು ‘ಹವಾನಾ’. 1990ರ ಡಿಸೆಂಬರ್. ಸಿಡ್ನಿ ಪೊಲಾಕ್ ನಿರ್ದೇಶಕ, ಕ್ರಾಂತಿಯ ಹೊಸ್ತಿಲಲ್ಲಿರುವ ಕ್ಯೂಬಾ, ಜೂಜುಕೋರ ರೆಡ್‌ಫರ್ಡ್, ಕ್ರಾಂತಿಕಾರಿಯ ಹೆಂಡತಿ ಲೆನಾ. ಕ್ಯೂಬಾದಲ್ಲಿ ಚಿತ್ರೀಕರಣ ಸಾಧ್ಯವಿರಲಿಲ್ಲ, ಡೊಮಿನಿಕನ್ ರಿಪಬ್ಲಿಕ್‌ನಲ್ಲಿ ಬೀದಿಗಳನ್ನೇ ಕಟ್ಟಿದರು. ಸುಮಾರು 4 ಕೋಟಿ ಡಾಲರ್ ಖರ್ಚು. ಅಮೆರಿಕದಲ್ಲಿ ಗಳಿಕೆ 1 ಕೋಟಿಯನ್ನೂ ಮುಟ್ಟಲಿಲ್ಲ. ಎಲ್ಲರೂ ‘ಕಾಸಾಬ್ಲಾಂಕಾ’ಕ್ಕೆ ಹೋಲಿಸಿ ಬೈದರು. ಅದರಲ್ಲೂ ಸ್ವೀಡನ್‌ನ ಇನ್ನೊಬ್ಬ ನಟಿ, ನಾತ್ಸಿಗಳ ವಿರುದ್ಧ ಹೋರಾಡುವವನ ಹೆಂಡತಿ, ಹಾಗಾಗಿ ಹೋಲಿಕೆ ತಪ್ಪಿಸೋಕೆ ಆಗುತ್ತಲೇ ಇರಲಿಲ್ಲ. ಸಿನಿಮಾ ನಿಧಾನ, ರೆಡ್‌ಫರ್ಡ್ ಸುಸ್ತಾದವನ ಹಾಗೆ ಕಾಣುತ್ತಾನೆ. ಲೆನಾ ಕೆಟ್ಟದಾಗಿ ಮಾಡಿಲ್ಲ, ಮಾಡೋಕೆ ಜಾಸ್ತಿ ಏನೂ ಇಲ್ಲ.

ಇಲ್ಲಿಗೆ ಬಂದಾಗ ಹಾಲಿವುಡ್ ಲೆಕ್ಕದ ಪ್ರಕಾರ ನಟಿಯೊಬ್ಬಳು ಏನು ಮಾಡಬೇಕು? ಲಾಸ್ ಏಂಜಲೀಸ್‌ನಲ್ಲಿ ಮನೆ ಹಿಡಿಯಬೇಕು, ಏಜೆಂಟ್ ಬದಲಿಸಬೇಕು, ಮುಂದಿನ ಆರು ತಿಂಗಳಲ್ಲಿ ಒಂದು ಹಿಟ್ ಕೊಡಬೇಕು. ಲೆನಾ ಓಲಿನ್ 1991ರ ಜೂನ್‌ನಲ್ಲಿ ಅಮೆರಿಕದಲ್ಲೇ ಇದ್ದಳು. ಇದ್ದದ್ದು ಬ್ರೂಕ್ಲಿನ್ ಅಕಾಡೆಮಿ ಆಫ್ ಮ್ಯೂಸಿಕ್ ಅನ್ನುವ ರಂಗಮಂದಿರದಲ್ಲಿ. ದ್ರಮಾತೆನ್ ತಂಡದ ಜೊತೆ ಪ್ರವಾಸ ಬಂದಿದ್ದಳು, ಬರ್ಗ್‌ಮನ್ ನಿರ್ದೇಶನದಲ್ಲಿ, ಸ್ಟ್ರಿಂಡ್‌ಬರ್ಗ್‌ನ ‘ಮಿಸ್ ಜೂಲಿ’ಯನ್ನು ಸ್ವೀಡಿಷ್ ಭಾಷೆಯಲ್ಲಿ ಮಾಡೋಕೆ. ಎದುರಿಗೆ ಜೀನ್ ಪಾತ್ರದಲ್ಲಿ ಪೀಟರ್ ಸ್ಟೋರ್ಮಾರೆ. ಹದಿನಾಲ್ಕು-ಹದಿನೈದು ತಿಂಗಳ ಹಿಂದೆ ಆಸ್ಕರ್ ಸಮಾರಂಭದಲ್ಲಿ ಹೆಸರು ಕೂಗಿಸಿಕೊಂಡಿದ್ದ ನಟಿ, ರೆಡ್‌ಫರ್ಡ್ ಸಿನಿಮಾ ಬಂದು ಆರು ತಿಂಗಳಾಗಿದೆ, ಅಡುಗೆಮನೆಯ ಸೆಟ್‌ನಲ್ಲಿ ನಿಂತು ನ್ಯೂಯಾರ್ಕ್ ಪ್ರೇಕ್ಷಕರಿಗೆ ಅವರದಲ್ಲದ ಭಾಷೆಯಲ್ಲಿ ನಾಟಕ ಆಡುತ್ತಿದ್ದಾಳೆ. ಇದನ್ನು ‘ಬಿದ್ದವಳು’ ಅಂತ ಹೇಗೆ ಕರೆಯೋದು? ನನ್ನ ಇಡೀ ವಾದ ಈ ಒಂದು ಜೂನ್ ತಿಂಗಳ ಮೇಲೆ ನಿಂತಿದೆ ಅಂದರೂ ತಪ್ಪಿಲ್ಲ.

ಎದುರು ವಾದವೂ ಇದೆ. ಬೇರೆ ಕೆಲಸ ಇಲ್ಲದೆ ನಾಟಕಕ್ಕೆ ಹೋದಳು ಅಂತ ಯಾರಾದರೂ ಹೇಳಬಹುದು. ಆದರೆ ಕೆಲಸ ಇತ್ತು. 1993ರಲ್ಲಿ ರಿಚರ್ಡ್ ಗೇರ್ ಎದುರು ಮನೋವೈದ್ಯೆಯಾಗಿ ‘ಮಿಸ್ಟರ್ ಜೋನ್ಸ್’ ಬಂತು, ನೆನಪಿಡುವಂಥದ್ದೇನೂ ಅಲ್ಲ. ಅದರ ಹಿಂದೆಯೇ ಬಂದ ‘ರೋಮಿಯೋ ಈಸ್ ಬ್ಲೀಡಿಂಗ್’ ಓಡಲಿಲ್ಲ, ಆದರೆ ಅದರ ಮೋನಾ ಡೆಮಾರ್ಕೋವ್‌ಳನ್ನು ಒಮ್ಮೆ ನೋಡಿದವರು ಮರೆಯಲ್ಲ. ರಷ್ಯನ್ ಮಾಫಿಯಾದ ಕೊಲೆಗಾತಿ. ಕೈಗೆ ಬೇಡಿ, ಕಾರಿನ ಹಿಂದಿನ ಸೀಟು, ಮುಂದೆ ಪೊಲೀಸ್ ಆಗಿ ಗ್ಯಾರಿ ಓಲ್ಡ್‌ಮನ್ ಗಾಡಿ ಓಡಿಸುತ್ತಿದ್ದಾನೆ. ಹಿಂದಿನಿಂದ ಎರಡೂ ಕಾಲು ಹಾಕಿ ಅವನ ಕುತ್ತಿಗೆ ಬಿಗಿಯುತ್ತಾಳೆ, ಕಾರು ಗುದ್ದುತ್ತದೆ, ಒಡೆದ ಗಾಜಿನಿಂದ ಹೊರಬಿದ್ದು ನಗುತ್ತಾ ಓಡುತ್ತಾಳೆ. ಓಲ್ಡ್‌ಮನ್ ಅಂಥವನೇ ಆ ಸಿನಿಮಾದಲ್ಲಿ ಆಕೆಯ ಪಕ್ಕ ಸಪ್ಪೆ. ಸಿನಿಮಾ ಒಟ್ಟಾರೆ ಎಡವಟ್ಟು, ಅದನ್ನು ಒಪ್ಪುತ್ತೇನೆ.

ಹಾಗಿದ್ದರೆ ಆಕೆಗೆ ಏನೂ ನಷ್ಟ ಆಗಲಿಲ್ಲವಾ? ಆಯಿತು. ಸ್ಟಾಕ್‌ಹೋಮಿನ ರಂಗಕ್ಕೆ ಕಟ್ಟಿಕೊಂಡವಳಿಗೆ ಹಾಲಿವುಡ್‌ನಲ್ಲಿ ಯಾರೂ ಕಥೆ ಬರೆದು ಕಾಯಲ್ಲ. ಸಬೀನಾ, ಮಾಶಾ ಅಂಥ ಪಾತ್ರ ಮತ್ತೆ ಅದೇ ತೂಕದಲ್ಲಿ ಸಿಗಲಿಲ್ಲ. 1999ರಲ್ಲಿ ಪೊಲಾನ್ಸ್ಕಿಯ ‘ದಿ ನೈಂತ್ ಗೇಟ್’ನಲ್ಲಿ ಸೈತಾನನ ಹಿಂದೆ ಬಿದ್ದ ಶ್ರೀಮಂತ ವಿಧವೆ, ‘ಮಿಸ್ಟರಿ ಮೆನ್’ನಲ್ಲಿ ಖಳನ ಜೊತೆಗಾತಿ. ಕೆಟ್ಟ, ಮಾದಕ, ಯೂರೋಪಿನ ಹೆಂಗಸು: ಹಾಲಿವುಡ್ ಆಕೆಗೆ ಹೊಲಿಸಿಟ್ಟ ಅಂಗಿ ಇದೊಂದೇ. ಪ್ರತಿಸಲವೂ ಅದಕ್ಕಿಂತ ದೊಡ್ಡ ನಟಿ ಅದರೊಳಗೆ ಇರುತ್ತಿದ್ದಳು.

1994ರಲ್ಲಿ ನಿರ್ದೇಶಕ ಲಾಸ್ಸೆ ಹಾಲ್‌ಸ್ಟ್ರೋಮ್ ಜೊತೆ ಮದುವೆ, ಆಮೇಲೆ ನ್ಯೂಯಾರ್ಕ್ ಕಡೆ ವಾಸ. ದ್ರಮಾತೆನ್ ನಂಟು ಕಳಚಿತು, ಹಳೇ ಬಳಗ ಮಾತ್ರ ಬಿಡಲಿಲ್ಲ. 2000ದ ‘ಚಾಕೊಲಾ’ ನೋಡಿ. ನಿರ್ದೇಶನ ಗಂಡನದು, ನಾಯಕಿ ಮತ್ತೆ ಬಿನೋಶ್. ಲೆನಾ ಮಾಡಿದ್ದು ಜೋಸೆಫೀನ್, ಗಂಡನ ಹೊಡೆತ ತಿಂದು ತಿಂದು ಅರ್ಧ ಹುಚ್ಚಿಯಂತಾದ ಹೆಂಗಸು, ಅಂಗಡಿಯಲ್ಲಿ ಸಣ್ಣಪುಟ್ಟದ್ದು ಕದಿಯುತ್ತಾಳೆ, ಯಾರ ಕಣ್ಣನ್ನೂ ನೋಡಲ್ಲ. ಆ ಗಂಡ ಯಾರು? ಪೀಟರ್ ಸ್ಟೋರ್ಮಾರೆ. ಬ್ರೂಕ್ಲಿನ್‌ನಲ್ಲಿ ಜೂಲಿಯನ್ನು ಸಾವಿನ ಕಡೆ ತಳ್ಳಿದ ಜೀನ್, ಇಲ್ಲಿ ಕುಡಿದು ಬಾಗಿಲು ಒಡೆದು ನುಗ್ಗುತ್ತಾನೆ, ಈ ಸಲ ಆಕೆ ಬಾಣಲೆ ತೆಗೆದು ಅವನ ತಲೆಗೆ ಬಾರಿಸುತ್ತಾಳೆ. ಇಬ್ಬರ ಹಳೇ ನಾಟಕ ಗೊತ್ತಿದ್ದವರಿಗೆ ಆ ಬಾಣಲೆ ಏಟು ಎರಡು ಪಟ್ಟು ಖುಷಿ ಕೊಡುತ್ತದೆ. ಗಂಡನ ಸಿನಿಮಾದಲ್ಲಿ ಹೆಂಡತಿಗೆ ಗ್ಲಾಮರ್ ಪಾತ್ರ ಕೊಡೋದು ಲೋಕರೂಢಿ, ಇಲ್ಲಿ ಕೊಟ್ಟಿದ್ದು ಎಣ್ಣೆ ಹಿಡಿದ ಕೂದಲಿನ, ಬೆದರಿದ ಹೆಂಗಸಿನ ಪಾತ್ರ. ಬಾಫ್ಟಾ ನಾಮಿನೇಷನ್ ಬಂತು, ಅದೇ ಚಿತ್ರದ ಜೂಡಿ ಡೆಂಚ್ ಜೊತೆ.

2002-03ರಲ್ಲಿ ‘ಏಲಿಯಸ್’ ಟೀವಿ ಸರಣಿಯ ಎರಡನೇ ಸೀಸನ್. ಗೂಢಚಾರಿಣಿಯ ತಾಯಿ ಇರೀನಾ ಡೆರೆವ್ಕೊ, ಬಹಳ ಕಂತುಗಳಲ್ಲಿ ಗಾಜಿನ ಜೈಲುಕೋಣೆಯೊಳಗೆ ಕೈದಿ. ಓಡಾಟ ಇಲ್ಲ, ಹೊಡೆದಾಟ ಕಡಿಮೆ, ಗಾಜಿನಾಚೆ ನಿಂತ ಮಗಳನ್ನು ನೋಡಬೇಕು, ಅವಳು ನಂಬಬೇಕೋ ಬೇಡವೋ ಅನ್ನುವ ಗೊಂದಲ ಪ್ರೇಕ್ಷಕರಿಗೂ ಬರಬೇಕು. ಎಮಿ ನಾಮಿನೇಷನ್ ಸಿಕ್ಕಿತು. ಸೋಫಾ ಮೇಲೆ ಸುಮ್ಮನೆ ಕೂತು ಕಲಿತ ವಿದ್ಯೆ ಇಲ್ಲಿ ಕೆಲಸಕ್ಕೆ ಬಂದಿದೆ ಅಂತ ನನ್ನ ಅನಿಸಿಕೆ.

ಸ್ಟಿಗ್ ಓಲಿನ್ ತೀರಿಕೊಂಡದ್ದು 2008ರಲ್ಲಿ. ಅದೇ ವರ್ಷದ ಕೊನೆಗೆ ‘ದಿ ರೀಡರ್’ ಬಂತು. ಅದರಲ್ಲಿ ಲೆನಾ ಎರಡು ಪಾತ್ರ ಮಾಡಿದ್ದಾಳೆ, ತಾಯಿ ಮತ್ತು ಮಗಳು. ಅರವತ್ತರ ದಶಕದ ಕೋರ್ಟಿನಲ್ಲಿ ನಾತ್ಸಿ ಕಾವಲುಗಾರ್ತಿಯರ ವಿರುದ್ಧ ಸಾಕ್ಷಿ ಹೇಳುವ ತಾಯಿ, ದಶಕಗಳ ನಂತರ ನ್ಯೂಯಾರ್ಕ್‌ನ ಮನೆಯಲ್ಲಿ ಅದೇ ಮುಖದ ಮಗಳು. ಕೊನೆಯ ಭಾಗದ ಒಂದು ದೃಶ್ಯದಲ್ಲಿ ರೇಫ್ ಫೈನ್ಸ್ ಒಂದು ಹಳೇ ಟೀ ಡಬ್ಬಿ ತಂದು ಮುಂದಿಡುತ್ತಾನೆ, ಒಳಗೆ ಸತ್ತುಹೋದ ಅಪರಾಧಿ ಕೂಡಿಟ್ಟ ಹಣ. ಡಬ್ಬಿ ಇರಲಿ, ಹಣ ಬೇಡ ಅನ್ನುತ್ತಾಳೆ. ಕೆಲವೇ ನಿಮಿಷ. ಕೇಟ್ ವಿನ್ಸ್ಲೆಟ್ ಆ ಸಿನಿಮಾಕ್ಕೆ ಆಸ್ಕರ್ ಗೆದ್ದಳು, ಸರಿಯೇ. ಆದರೆ ಯಾರನ್ನೂ ಕ್ಷಮಿಸದೆ, ಯಾರ ಮೇಲೂ ಕೂಗಾಡದೆ ಕಥೆಯನ್ನು ನೆಲಕ್ಕೆ ಇಳಿಸಿದ್ದು ಈ ಕೆಲವು ನಿಮಿಷ.

2022ರಲ್ಲಿ ‘ಹಿಲ್ಮಾ’. ಸ್ವೀಡನ್‌ನ ಅಮೂರ್ತ ಚಿತ್ರಕಲಾವಿದೆ ಹಿಲ್ಮಾ ಆಫ್ ಕ್ಲಿಂಟ್ ಬದುಕಿನ ಕಥೆ, ನಿರ್ದೇಶನ ಹಾಲ್‌ಸ್ಟ್ರೋಮ್, ಭಾಷೆ ಇಂಗ್ಲಿಷ್. ವಯಸ್ಸಾದ ಹಿಲ್ಮಾ ಆಗಿ ಲೆನಾ, ಯುವತಿ ಹಿಲ್ಮಾ ಆಗಿ ಮಗಳು ಟೋರಾ. ಇಲ್ಲಿ ಮಾತ್ರ ವಶೀಲಿ ಅಂತ ಯಾರಾದರೂ ಅಂದರೆ ನನ್ನ ಹತ್ತಿರ ಉತ್ತರ ಇಲ್ಲ: ಅಪ್ಪ ನಿರ್ದೇಶಕ, ಅಮ್ಮ ಅದೇ ಪಾತ್ರದ ಇನ್ನರ್ಧ, ಮಗಳು ನಾಯಕಿ. ಲೆನಾಗೆ ಸಿಕ್ಕಿದ್ದು ಅಂಗಡಿ ಹುಡುಗಿಯ ಪಾತ್ರ, ಮೂರು ವರ್ಷದ ಶಾಲೆ, ಆಮೇಲೆ ಹತ್ತಾರು ವರ್ಷ ಸಂಬಳದ ನಾಟಕ. ಟೋರಾಗೆ ಸಿಕ್ಕಿದ್ದು ಮುಖ್ಯ ಪಾತ್ರ. ಹುಡುಗಿ ಚೆನ್ನಾಗಿಯೇ ಮಾಡಿದ್ದಾಳೆ. ಆದರೆ ಅದು ಬೇರೆಯೇ ಪ್ರಕರಣ, ಅದನ್ನು ಬರೆಯೋಕೆ ಇನ್ನೂ ಹತ್ತು-ಹದಿನೈದು ವರ್ಷ ಕಾಯಬೇಕು.